ಕಫ ಸಡಿಲಿಸುವ ಕಂಪನ ಸಾಧನಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಎದೆಯಲ್ಲಿ ಕಫ ಕಟ್ಟಿಕೊಳ್ಳುವ ಕಾಯಿಲೆ ಇರುವವರಿಗೆ ಡಾಕ್ಟರು ಒಂದು ಪುಟ್ಟ ಪ್ಲಾಸ್ಟಿಕ್ ಸಾಧನ ಬರೆದುಕೊಡುತ್ತಾರೆ. ‘ದಿನಾ ಊದಿ’ ಅನ್ನುತ್ತಾರೆ. ಹೊರರೋಗಿ ವಿಭಾಗದ ನೂಕುನುಗ್ಗಲಿನಲ್ಲಿ ಹೇಗೆ ಊದಬೇಕು, ಎಷ್ಟು ಹೊತ್ತು, ಊದಿದ ಮೇಲೆ ಏನು ಮಾಡಬೇಕು ಅಂತ ಕೂತು ಹೇಳಲು ಯಾರಿಗೂ ಪುರುಸೊತ್ತಿರುವುದಿಲ್ಲ. ವಾರ ಕಳೆಯುವುದರೊಳಗೆ ಸಾಧನ ಬೀರು ಸೇರುತ್ತದೆ. ನಾನು ಎದೆರೋಗದವರ ಜೊತೆ ಕೆಲಸ ಮಾಡುವ ಫಿಸಿಯೋಥೆರಪಿಸ್ಟ್. ಮನೆಯವರು ಮತ್ತು ರೋಗಿಗಳು ಹೆಚ್ಚಾಗಿ ಕೇಳುವ ಪ್ರಶ್ನೆಗಳಿಗೆ ಇಲ್ಲಿ ಉತ್ತರ ಬರೆದಿದ್ದೇನೆ. ನಿಮ್ಮ ಕಾಯಿಲೆ ಗೊತ್ತಿರುವ ಡಾಕ್ಟರ ಮಾತು ಇದಕ್ಕಿಂತ ಮುಖ್ಯ.

ಇದು ಯಾವ ಸಾಧನ? ಹೆಸರೇನು?

ಅಂಗೈಯಲ್ಲಿ ಹಿಡಿಸುವಷ್ಟು ಚಿಕ್ಕದು. ಬಾಯಲ್ಲಿಟ್ಟು ಉಸಿರು ಬಿಟ್ಟರೆ ಒಳಗಿನ ಒಂದು ಭಾಗ ಪಟಪಟ ಅದುರುತ್ತದೆ. ಆ ಅದುರು ಉಸಿರಿನ ದಾರಿಯಲ್ಲೇ ಹಿಂದಕ್ಕೆ ಹೋಗಿ ಎದೆಯೊಳಗೆ ತಲುಪುತ್ತದೆ. ವೈದ್ಯರು ಇದನ್ನು ಆಸಿಲೇಟಿಂಗ್ ಪೆಪ್ ಅನ್ನುತ್ತಾರೆ. ಪೆಪ್ ಅಂದರೆ ಉಸಿರು ಬಿಡುವಾಗ ನಾಳಗಳಲ್ಲಿ ನಿಲ್ಲುವ ಒತ್ತಡ, ಆಸಿಲೇಟಿಂಗ್ ಅಂದರೆ ಅದುರುವ. ಫ್ಲಟರ್, ಅಕಪೆಲಾ, ಏರೋಬಿಕಾ, ಆರ್‌ಸಿ ಕಾರ್ನೆಟ್ ಇವೆಲ್ಲ ಇದೇ ಜಾತಿಯವು. ಫ್ಲಟರ್‌ನಲ್ಲಿ ಒಂದು ಉಕ್ಕಿನ ಗುಂಡು ಕುಣಿಯುತ್ತದೆ. ಅಕಪೆಲಾದಲ್ಲಿ ಅಯಸ್ಕಾಂತ ಕೂರಿಸಿದ ಸನ್ನೆಯೊಂದು ಮೇಲೆ ಕೆಳಗೆ ಆಡುತ್ತದೆ. ಕಾರ್ನೆಟ್‌ನಲ್ಲಿ ಬಾಗಿದ ಕೊಳವೆಯೊಳಗಿನ ಮೆತ್ತನೆ ಪೈಪು ಹೊರಳಾಡುತ್ತದೆ. ಇವಕ್ಕೆ ಕರೆಂಟೂ ಬೇಡ, ಬ್ಯಾಟರಿಯೂ ಬೇಡ. ನಿಮ್ಮ ಉಸಿರೇ ಸಾಕು.

ಊದಿದರೆ ಕಫ ಹೇಗೆ ಬರುತ್ತದೆ?

ಎರಡು ಕೆಲಸ ಒಟ್ಟಿಗೆ ನಡೆಯುತ್ತವೆ. ಮೊದಲನೆಯದು ಒತ್ತಡ. ಸಾಧನ ಉಸಿರಿಗೆ ಸ್ವಲ್ಪ ತಡೆ ಒಡ್ಡುತ್ತದೆ. ಆಗ ಶ್ವಾಸನಾಳಗಳೊಳಗೆ ಸಾಮಾನ್ಯವಾಗಿ 10ರಿಂದ 20 ಸೆಂ.ಮೀ. ನೀರಿನ ಮಟ್ಟದಷ್ಟು ಒತ್ತಡ ನಿಲ್ಲುತ್ತದೆ. ಕಾಯಿಲೆಯಿಂದ ಸಡಿಲವಾದ ಸಣ್ಣ ನಾಳಗಳು ಉಸಿರು ಬಿಡುವಾಗ ಮುಚ್ಚಿಕೊಳ್ಳುತ್ತವೆ, ಕಫ ಅವುಗಳ ಹಿಂದೆ ಸಿಕ್ಕಿಕೊಳ್ಳುತ್ತದೆ. ಈ ಒತ್ತಡ ಅವನ್ನು ತೆರೆದಿಡುತ್ತದೆ. ಗಾಳಿ ಅಕ್ಕಪಕ್ಕದ ದಾರಿಗಳಿಂದ ಕಫದ ಹಿಂಬದಿಗೂ ಹೋಗಿ ಸೇರುತ್ತದೆ. ಹಿಂದೆ ಗಾಳಿ ಇಲ್ಲದಿದ್ದರೆ ಕಫವನ್ನು ಮುಂದೆ ತಳ್ಳುವುದು ಯಾವುದು?

ಎರಡನೆಯದು ಕಂಪನ. ಹೆಪ್ಪು ಹಾಕಿದ ಗಟ್ಟಿ ಮೊಸರನ್ನು ಅಲ್ಲಾಡಿಸಿದರೆ ಸಡಿಲಾಗುತ್ತದಲ್ಲ, ಕಫವೂ ಹಾಗೇ. ಅಲುಗಾಡಿದಷ್ಟು ಹೊತ್ತು ಅದರ ಅಂಟು ಕಡಿಮೆಯಾಗುತ್ತದೆ, ನಾಳದ ಗೋಡೆಯಿಂದ ಬಿಡುತ್ತದೆ. ಗೋಡೆಯ ಮೇಲಿನ ಸೂಕ್ಷ್ಮ ರೋಮಗಳು ಸೆಕೆಂಡಿಗೆ ಸುಮಾರು 10ರಿಂದ 15 ಸಲ ಬೀಸಿ ಕಫವನ್ನು ಮೇಲಕ್ಕೆ ಸಾಗಿಸುತ್ತವೆ. ಈ ಸಾಧನಗಳ ಕಂಪನವೂ ಹೆಚ್ಚು ಕಡಿಮೆ ಆ ಆಸುಪಾಸಿನಲ್ಲೇ ಇರುತ್ತದೆ.

ಒಂದು ಮಾತನ್ನು ಮನಸ್ಸಿನಲ್ಲಿಡಿ. ಸಾಧನ ಕಫವನ್ನು ಸಡಿಲಿಸುತ್ತದೆ, ಅಷ್ಟೇ. ಅದನ್ನು ಹೊರಗೆ ತರಬೇಕಾದವರು ನೀವು. ಅದರ ವಿಧಾನ ಕೆಳಗಿದೆ. ಸುಮ್ನೆ ಊದಿ ಎದ್ದು ಹೋದರೆ ಅರ್ಧ ಕೆಲಸ ಮಾತ್ರ ಆದ ಹಾಗೆ.

ಆಪರೇಷನ್ ಆದಾಗ ಮೂರು ಚೆಂಡಿನ ಸಾಧನ ಕೊಟ್ಟಿದ್ದರು. ಇದೂ ಅದೇ ಅಲ್ವಾ?

ಅಲ್ಲ. ತುಂಬಾ ಜನ ಎಡವುವುದು ಇಲ್ಲೇ. ಕೋವಿಡ್ ಸಮಯದಲ್ಲಿ ಮೂರು ಚೆಂಡಿನ ಸ್ಪೈರೋಮೀಟರ್ ಎಷ್ಟೋ ಮನೆಗಳಿಗೆ ಬಂತು. ಅದು ಉಸಿರು ಎಳೆದುಕೊಳ್ಳುವ ವ್ಯಾಯಾಮಕ್ಕೆ. ಆಳವಾಗಿ, ನಿಧಾನವಾಗಿ ಒಳಗೆಳೆದರೆ ಚೆಂಡು ಏರುತ್ತದೆ. ಆಪರೇಷನ್ ಆದ ಮೇಲೆ ಶ್ವಾಸಕೋಶದ ತಳಭಾಗ ಮುದುಡಿಕೊಳ್ಳದಿರಲಿ ಅಂತ ಅದನ್ನು ಕೊಡುತ್ತಾರೆ. ಕಂಪನ ಸಾಧನ ಉಸಿರು ಹೊರಗೆ ಬಿಡುವುದಕ್ಕೆ. ದಿನಾ ಬಟ್ಟಲುಗಟ್ಟಲೆ ಕಫ ಬರುವವರು ಚೆಂಡು ಏರಿಸುತ್ತಾ ಕೂತರೆ ಕಫ ಇದ್ದಲ್ಲೇ ಇರುತ್ತದೆ. ಕೆಲವರು ಸ್ಪೈರೋಮೀಟರನ್ನು ತಲೆಕೆಳಗು ಮಾಡಿ ಊದುತ್ತಾರೆ. ಚೆಂಡೇನೋ ಆಡುತ್ತದೆ. ಆದರೆ ನಮಗೆ ಬೇಕಾದ ಒತ್ತಡವೂ ಕಂಪನವೂ ಅದರಿಂದ ಸಿಗುವುದಿಲ್ಲ.

ಯಾರಿಗೆ ಇದರಿಂದ ಉಪಯೋಗ?

ಕಫ ಜಾಸ್ತಿ ಬರುವವರಿಗೆ, ಅಥವಾ ಕಫ ಇದ್ದೂ ಹೊರಗೆ ಬರದವರಿಗೆ. ಎಲ್ಲಕ್ಕಿಂತ ಮೊದಲು ಬ್ರಾಂಕಿಯೆಕ್ಟೇಸಿಸ್. ಇದರಲ್ಲಿ ಶ್ವಾಸನಾಳಗಳು ಶಾಶ್ವತವಾಗಿ ಅಗಲವಾಗಿ, ಅಲ್ಲಿ ಕಫ ನಿಂತುಬಿಡುತ್ತದೆ. ಆಮೇಲೆ ಸಿಸ್ಟಿಕ್ ಫೈಬ್ರೋಸಿಸ್, ಅಂದರೆ ಹುಟ್ಟಿನಿಂದಲೇ ಕಫ ತೀರಾ ಅಂಟಾಗಿರುವ ಕಾಯಿಲೆ. ರೋಮಗಳೇ ಸರಿಯಾಗಿ ಬೀಸದ, ಹುಟ್ಟಿನಿಂದ ಬರುವ ಪಿಸಿಡಿ ಎಂಬ ಕಾಯಿಲೆಯವರಿಗೂ ಉಪಯೋಗವಿದೆ. ಸಿಒಪಿಡಿ, ಅಂದರೆ ಹೊಗೆಯಂಥವುಗಳಿಂದ ಶ್ವಾಸನಾಳ ಕಿರಿದಾಗಿ ಉಸಿರು ಕಟ್ಟುವ ದೀರ್ಘಕಾಲದ ಕಾಯಿಲೆ ಇರುವವರಲ್ಲಿ ದಿನಾ ಕಫ ಬರುವವರಿಗೆ ಪ್ರಯೋಜನ. ಬೀಡಿ ಸಿಗರೇಟು ಮುಟ್ಟದೆ, ವರ್ಷಗಟ್ಟಲೆ ಸೌದೆ ಒಲೆಯ ಹೊಗೆ ಕುಡಿದ ಹೆಂಗಸರಿಗೂ ಸಿಒಪಿಡಿ ಬರುತ್ತದೆ. ಅವರ ಕೆಮ್ಮನ್ನು ‘ವಯಸ್ಸಾಯ್ತು’ ಅಂತ ತಳ್ಳಿಹಾಕಬೇಡಿ, ಪರೀಕ್ಷೆ ಮಾಡಿಸಿ.

ಒಣಕೆಮ್ಮು ಮಾತ್ರ ಇದ್ದರೆ, ಶ್ವಾಸಕೋಶ ಗಟ್ಟಿಯಾಗುವ ಐಎಲ್‌ಡಿಯಂಥ ಕಾಯಿಲೆ ಇದ್ದು ಕಫ ಇಲ್ಲದಿದ್ದರೆ, ಈ ಸಾಧನದಿಂದ ಹೆಚ್ಚೇನೂ ಆಗದು. ದುಡ್ಡು ಉಳಿಸಿ.

ಟಿಬಿ ವಾಸಿಯಾಗಿ ವರ್ಷಗಳಾದವು. ಆದರೂ ದಿನಾ ಕಫ ಬರುತ್ತದೆ. ಟಿಬಿ ಮತ್ತೆ ಬಂತಾ?

ಹೌದೋ ಅಲ್ಲವೋ ಅನ್ನುವುದನ್ನು ಕಫ ಪರೀಕ್ಷೆ ಮಾಡಿಯೇ ಹೇಳಬೇಕು. ಊಹೆ ಬೇಡ. ಆದರೆ ಪರೀಕ್ಷೆಯಲ್ಲಿ ಏನೂ ಇಲ್ಲ ಅಂತ ಬಂದರೂ ಕಫ ನಿಲ್ಲದಿರುವುದಕ್ಕೆ ನಮ್ಮ ದೇಶದಲ್ಲಿ ತುಂಬಾ ಸಾಮಾನ್ಯವಾದ ಕಾರಣವೊಂದಿದೆ. ಟಿಬಿ ಹೋಗುವಾಗ ಶ್ವಾಸನಾಳಗಳನ್ನು ಹಾಳುಗೆಡವಿ ಹೋಗುತ್ತದೆ. ಭಾರತದ 2,195 ಬ್ರಾಂಕಿಯೆಕ್ಟೇಸಿಸ್ ರೋಗಿಗಳ ವಿವರ ಕಲೆಹಾಕಿದ ವರದಿಯೊಂದು 2019ರಲ್ಲಿ ಪ್ರಕಟವಾಯಿತು. ಅವರಲ್ಲಿ ಮೂರರಲ್ಲಿ ಒಬ್ಬರಿಗಿಂತ ಜಾಸ್ತಿ ಜನರಿಗೆ ಮೂಲ ಕಾರಣ ಹಳೆಯ ಟಿಬಿ. ಯುರೋಪಿನಲ್ಲಿ ಚಿತ್ರ ಬೇರೆಯೇ.

ಇಂಥವರಿಗೆ ಮತ್ತೆ ಮತ್ತೆ ಆಂಟಿಬಯೋಟಿಕ್ ಕೊಡುತ್ತಾರೆ, ಕೆಮ್ಮಿನ ಸಿರಪ್ ಕೊಡುತ್ತಾರೆ. ಕಫ ತೆಗೆಯುವುದನ್ನು ಕಲಿಸುವವರು ಕಡಿಮೆ. ಇದು ನನಗೆ ನಿಜವಾಗಿ ನೋವಾಗುವ ವಿಷಯ. ‘ಟಿಬಿ ಕೋರ್ಸ್ ಮುಗೀತು, ಇನ್ನೇನಿಲ್ಲ’ ಅಂತ ಯಾರಾದರೂ ಹೇಳಿದರೆ, ‘ಸಿಟಿ ಸ್ಕ್ಯಾನ್‌ನಲ್ಲಿ ಬ್ರಾಂಕಿಯೆಕ್ಟೇಸಿಸ್ ಇದೆಯಾ? ಕಫ ತೆಗೆಯುವುದನ್ನು ಕಲಿಸುವವರು ಯಾರಿದ್ದಾರೆ?’ ಅಂತ ನೀವೇ ಬಾಯಿಬಿಟ್ಟು ಕೇಳಿ.

ಟಿಬಿ ಈಗ ಸಕ್ರಿಯವಾಗಿದ್ದರೆ ಮಾತು ಬೇರೆ. ಡಾಕ್ಟರು ಒಪ್ಪುವವರೆಗೆ ಇದನ್ನು ಶುರು ಮಾಡಬೇಡಿ.

ಯಾರು ಬಳಸಬಾರದು?

ಕಫದಲ್ಲಿ ರಕ್ತ ಬರುತ್ತಿರುವವರು. ಶ್ವಾಸಕೋಶದ ಸುತ್ತ ಗಾಳಿ ತುಂಬಿಕೊಂಡು ಇನ್ನೂ ಚಿಕಿತ್ಸೆ ಆಗದವರು, ಅಂದರೆ ನ್ಯುಮೋಥೊರಾಕ್ಸ್. ಇತ್ತೀಚೆಗೆ ಮುಖ, ಬಾಯಿ, ತಲೆ ಅಥವಾ ಅನ್ನನಾಳದ ಆಪರೇಷನ್ ಆದವರು. ತಲೆಬುರುಡೆಯೊಳಗೆ ಒತ್ತಡ ಹೆಚ್ಚಿರುವವರು. ಕಿವಿಯ ತಮಟೆ ಹರಿದಿದ್ದರೆ, ಸೈನಸ್ ಜೋರಾಗಿದ್ದರೆ, ಮೂಗಿನಿಂದ ರಕ್ತ ಸುರಿಯುತ್ತಿದ್ದರೆ ಕೂಡ ಬೇಡ. ಬಿಪಿ ಏರುಪೇರಾಗುತ್ತಿರುವವರು, ಉಸಿರಾಟದ ಕಷ್ಟ ವಿಪರೀತ ಇದ್ದು ನಾಲ್ಕು ಮಾತು ಆಡಲೂ ಆಗದವರು ಮೊದಲು ಆಸ್ಪತ್ರೆಗೆ ಹೋಗಬೇಕು. ಇವುಗಳಲ್ಲಿ ಕೆಲವು ತಾತ್ಕಾಲಿಕ, ಆಮೇಲೆ ಡಾಕ್ಟರು ಹೇಳಿದರೆ ಶುರು ಮಾಡಬಹುದು.

ಸರಿಯಾಗಿ ಊದುವುದು ಹೇಗೆ?

ಕುರ್ಚಿಯಲ್ಲಿ ನೆಟ್ಟಗೆ ಕೂತು ಮೊಣಕೈಗಳನ್ನು ಮೇಜಿನ ಮೇಲೆ ಊರಿ. ಭುಜ ಸಡಿಲ ಬಿಡಿ. ಎರಡು ಮೂರು ಸಲ ಮಾಮೂಲಿಯಾಗಿ ಉಸಿರಾಡಿ.

ಈಗ ಮಾಮೂಲಿಗಿಂತ ಸ್ವಲ್ಪ ಜಾಸ್ತಿ ಉಸಿರು ಎಳೆದುಕೊಳ್ಳಿ. ಎದೆ ಬಿರಿಯುವಷ್ಟು ಬೇಡ. ಎರಡು ಮೂರು ಸೆಕೆಂಡ್ ಹಿಡಿದಿಡಿ. ಇದನ್ನು ಬಿಡಬೇಡಿ, ಗಾಳಿ ಕಫದ ಹಿಂದೆ ಹೋಗಿ ಸೇರಲು ಈ ಸಮಯ ಬೇಕು. ಆಮೇಲೆ ತುಟಿಗಳನ್ನು ಸಾಧನದ ಸುತ್ತ ಬಿಗಿಯಾಗಿ ಮುಚ್ಚಿ, ಗಾಳಿ ಸೋರದ ಹಾಗೆ ಉಸಿರು ಬಿಡಿ. ನಿಟ್ಟುಸಿರಿಗಿಂತ ಸ್ವಲ್ಪ ಬಲವಾಗಿ, ಬಲೂನು ಊದುವುದಕ್ಕಿಂತ ತುಂಬಾ ಮೆತ್ತಗೆ. ಮೂರು ನಾಲ್ಕು ಸೆಕೆಂಡ್ ಒಂದೇ ಸಮನೆ ಬರಬೇಕು. ಪೂರ್ತಿ ಖಾಲಿಯಾಗುವವರೆಗೆ ಹಿಂಡಬೇಡಿ.

ಹೀಗೆ ಹತ್ತು ಹದಿನೈದು ಉಸಿರು. ಮಧ್ಯೆ ಕೆಮ್ಮು ಬಂದರೆ ಆದಷ್ಟು ತಡೆದುಕೊಳ್ಳಿ, ಕಫ ಇನ್ನೂ ಕೆಳಗೇ ಇರುತ್ತದೆ, ಈಗಲೇ ಕೆಮ್ಮಿದರೆ ಸುಸ್ತು ಮಾತ್ರ. ಆಮೇಲೆ ಎರಡು ಮೂರು ಹಫ್ (ಅದೇನು ಅಂತ ಮುಂದಿನ ಪ್ರಶ್ನೆಯಲ್ಲಿದೆ). ಒಂದು ನಿಮಿಷ ಸುಮ್ಮನೆ ಉಸಿರಾಡಿ. ಮತ್ತೆ ಮೊದಲಿನಿಂದ. ಇಂಥ ಮೂರು ನಾಲ್ಕು ಸುತ್ತು ಸಾಕು.

ಹಫ್ ಅಂದರೆ ಏನು? ಕೆಮ್ಮಿದರೆ ಸಾಲದಾ?

ಕನ್ನಡಕ ಒರೆಸುವ ಮುಂಚೆ ಅದರ ಮೇಲೆ ‘ಹಾ…’ ಅಂತ ಆವಿ ಬಿಡುತ್ತೀರಲ್ಲ, ಆ ಉಸಿರನ್ನೇ ಸ್ವಲ್ಪ ಜೋರಾಗಿ ಬಿಟ್ಟರೆ ಹಫ್. ಬಾಯಿ ಅಂಡಾಕಾರವಾಗಿ ತೆರೆದಿರಬೇಕು, ಗಂಟಲು ತೆರೆದಿರಬೇಕು. ಬಲ ಹೊಟ್ಟೆಯಿಂದ ಬರಬೇಕು.

ಕೆಮ್ಮುವಾಗ ಗಂಟಲು ಒಮ್ಮೆ ಮುಚ್ಚಿ, ಒತ್ತಡ ತುಂಬಿ, ಸಿಡಿಯುತ್ತದೆ. ನಾಳಗಳು ಸಡಿಲವಾಗಿರುವವರಲ್ಲಿ ಆ ಒತ್ತಡಕ್ಕೇ ಅವು ಮುಚ್ಚಿಕೊಂಡು ಕಫ ಒಳಗೇ ಉಳಿಯುತ್ತದೆ. ಪಕ್ಕೆ ನೋವು, ತಲೆಸುತ್ತು ಬರುತ್ತದೆ. ಕೆಮ್ಮಿದಾಗ ಮೂತ್ರ ಸೋರುವ ಹೆಂಗಸರಂತೂ ಯಾರಿಗೂ ಹೇಳಿಕೊಳ್ಳದೆ ಒದ್ದಾಡುತ್ತಾರೆ. ಹಫ್‌ನಲ್ಲಿ ಗಂಟಲು ಮುಚ್ಚುವುದೇ ಇಲ್ಲ.

ಕಫ ಆಳದಲ್ಲಿ ಇದ್ದಾಗ ಸಾಧಾರಣ ಉಸಿರು ಎಳೆದುಕೊಂಡು ಉದ್ದವಾಗಿ, ಮೆತ್ತಗೆ ಹಫ್ ಮಾಡಿ. ಗೊರಗೊರ ಸದ್ದು ಗಂಟಲ ಹತ್ತಿರ ಬಂತು ಅನ್ನಿಸಿದಾಗ ದೊಡ್ಡ ಉಸಿರು ಎಳೆದುಕೊಂಡು ಚಿಕ್ಕದಾಗಿ, ಚುರುಕಾಗಿ ಹಫ್ ಮಾಡಿ. ಕೊನೆಗೆ ಒಂದು ಕೆಮ್ಮು, ಕಫ ಬಟ್ಟಲಿಗೆ. ಎಲ್ಲ ಸಾಧನಗಳಿಗಿಂತ ಮೊದಲು ಕಲಿಯಬೇಕಾದ್ದು ಇದು. ಹಫ್ ಚೆನ್ನಾಗಿ ಬಂದರೆ ಸಾಧನ ಇಲ್ಲದ ದಿನವೂ ನೀವು ನಿಭಾಯಿಸಬಹುದು.

ಊದಿದರೆ ಕೆನ್ನೆ ಮಾತ್ರ ಅದುರುತ್ತದೆ, ಎದೆಯಲ್ಲಿ ಏನೂ ಗೊತ್ತಾಗುವುದಿಲ್ಲ.

ಕೆನ್ನೆ ಉಬ್ಬುತ್ತಿದೆ ಅಂತ ಅರ್ಥ. ಕಂಪನವನ್ನೆಲ್ಲ ಕೆನ್ನೆಯೇ ನುಂಗುತ್ತಿದೆ. ಕೆನ್ನೆಗಳನ್ನು ಗಟ್ಟಿ, ಚಪ್ಪಟೆ ಮಾಡಿಕೊಳ್ಳಿ. ಆಗದಿದ್ದರೆ ಶುರುವಿನಲ್ಲಿ ಇನ್ನೊಂದು ಕೈಯ ಬೆರಳುಗಳಿಂದ ಒತ್ತಿ ಹಿಡಿಯಿರಿ. ಮನೆಯವರು ಬೆನ್ನಿನ ಮೇಲೆ ಅಂಗೈ ಇಟ್ಟು ನೋಡಲಿ, ಅದುರು ಕೈಗೆ ತಾಕಬೇಕು.

ಫ್ಲಟರ್ ಆದರೆ ಹಿಡಿಯುವ ಕೋನ ಮುಖ್ಯ. ಗುಂಡು ಭೂಮಿಯ ಸೆಳೆತಕ್ಕೆ ಬೀಳಬೇಕಲ್ಲ. ಕೊಳವೆಯನ್ನು ನೆಲಕ್ಕೆ ಸಮಾಂತರವಾಗಿ ಹಿಡಿದು, ಸ್ವಲ್ಪ ಸ್ವಲ್ಪವೇ ಮೇಲೆ ಕೆಳಗೆ ಓರೆ ಮಾಡುತ್ತಾ ಎದೆಯಲ್ಲಿ ಅದುರು ಚೆನ್ನಾಗಿ ಗೊತ್ತಾಗುವ ಜಾಗ ಹುಡುಕಿ. ಮಲಗಿಕೊಂಡು ಊದಬೇಕಾದವರಿಗೆ ಫ್ಲಟರ್ ಒಗ್ಗುವುದಿಲ್ಲ. ಅಕಪೆಲಾ, ಏರೋಬಿಕಾ ಯಾವ ಭಂಗಿಯಲ್ಲಾದರೂ ಕೆಲಸ ಮಾಡುತ್ತವೆ.

ದಿನಕ್ಕೆ ಎಷ್ಟು ಸಲ? ಯಾವ ಹೊತ್ತಿನಲ್ಲಿ?

ಸಾಮಾನ್ಯವಾಗಿ ಎರಡು ಸಲ, ಒಂದೊಂದು ಸಲ ಹತ್ತರಿಂದ ಇಪ್ಪತ್ತು ನಿಮಿಷ. ಬೆಳಿಗ್ಗೆಯದು ತಪ್ಪಿಸಬೇಡಿ, ರಾತ್ರಿಯೆಲ್ಲ ಕೂಡಿಕೊಂಡ ಕಫ ಆಗಲೇ ಹೊರಗೆ ಬರಬೇಕು. ಇನ್ನೊಂದು ಸಂಜೆ ಇಟ್ಟುಕೊಳ್ಳಿ. ಮಲಗುವ ಗಳಿಗೆಗೆ ತುಂಬಾ ಹತ್ತಿರ ಬೇಡ, ಸಡಿಲಾದ ಕಫ ಆಮೇಲೂ ಕೆಮ್ಮು ತರಿಸಿ ನಿದ್ದೆ ಕೆಡಿಸಬಹುದು. ಊಟಕ್ಕೆ ಮುಂಚೆ, ಇಲ್ಲವೇ ಊಟವಾಗಿ ಎರಡು ಗಂಟೆಯ ಮೇಲೆ. ಹೊಟ್ಟೆ ತುಂಬಿದಾಗ ಹಫ್ ಮಾಡಿದರೆ ವಾಂತಿಯಾಗಬಹುದು. ಸೋಂಕು ಬಂದು ಕಫ ಜಾಸ್ತಿಯಾದ ದಿನಗಳಲ್ಲಿ ಸಲ ಹೆಚ್ಚಿಸಬೇಕು. ಜನ ಮಾಡುವುದು ಇದಕ್ಕೆ ತದ್ವಿರುದ್ಧ. ಹುಷಾರಿಲ್ಲ ಅಂತ ಅವತ್ತೇ ಬಿಟ್ಟುಬಿಡುತ್ತಾರೆ.

ಇನ್ಹೇಲರ್ ಮೊದಲಾ, ಇದು ಮೊದಲಾ?

ನಾಳ ಹಿಗ್ಗಿಸುವ ಇನ್ಹೇಲರ್ ಮೊದಲು. ಹದಿನೈದು ಇಪ್ಪತ್ತು ನಿಮಿಷ ಬಿಟ್ಟು ಸಾಧನ. ಉಪ್ಪುನೀರಿನ ನೆಬ್ಯುಲೈಸರ್ ಬರೆದುಕೊಟ್ಟಿದ್ದರೆ ಅದೂ ಸಾಧನಕ್ಕೆ ಮುಂಚೆ. ಕೆಲವು ಸಾಧನಗಳನ್ನು ನೆಬ್ಯುಲೈಸರ್‌ಗೇ ಜೋಡಿಸಬಹುದು. ಉಸಿರಿನ ಮೂಲಕ ತೆಗೆದುಕೊಳ್ಳುವ ಆಂಟಿಬಯೋಟಿಕ್ ಇದ್ದರೆ ಅದು ಕೊನೆಗೆ, ಕಫ ಹೋಗಿ ದಾರಿ ಚೊಕ್ಕವಾದ ಮೇಲೆ. ಕಫದ ಮೇಲೆ ಬಿದ್ದ ಔಷಧಿ ನಾಳಕ್ಕೆ ತಲುಪುವುದಿಲ್ಲ.

ತಲೆ ಸುತ್ತುತ್ತದೆ. ನಿಲ್ಲಿಸಲಾ?

ಆ ಹೊತ್ತಿಗೆ ನಿಲ್ಲಿಸಿ, ಸುಧಾರಿಸಿಕೊಳ್ಳಿ. ಬೇಗ ಬೇಗ, ಜೋರಾಗಿ ಊದುವುದೇ ಹೆಚ್ಚಿನವರಲ್ಲಿ ಕಾರಣ. ಸುತ್ತಿನಲ್ಲಿ ಉಸಿರುಗಳನ್ನು ಕಡಿಮೆ ಮಾಡಿ, ಮಧ್ಯೆ ವಿರಾಮ ಹೆಚ್ಚಿಸಿ. ಸಾಧನದ ತಡೆಯನ್ನು ಒಂದು ಹಂತ ಇಳಿಸಿ ನೋಡಿ. ಆದರೂ ಬಂದರೆ, ಎದೆನೋವು ಬಂದರೆ, ಉಸಿರು ಇನ್ನೂ ಕಟ್ಟಿದರೆ ಡಾಕ್ಟರಿಗೆ ತೋರಿಸಿ.

ಒಂದು ವಾರ ಊದಿದರೂ ಕಫ ಬರಲಿಲ್ಲ.

ಮೊದಲು ಹಫ್ ಸರಿಯಾಗಿ ಮಾಡುತ್ತಿದ್ದೀರಾ ನೋಡಿ. ನೀರು ಸಾಕಷ್ಟು ಕುಡಿಯುತ್ತಿದ್ದೀರಾ ನೋಡಿ (ಹೃದಯ, ಕಿಡ್ನಿ ತೊಂದರೆಗೆ ನೀರು ಮಿತಿ ಹೇಳಿದ್ದರೆ ಆ ಮಿತಿಯೊಳಗೇ). ಸಾಧನದ ತಡೆ ನಿಮ್ಮ ಉಸಿರಿಗೆ ಹೊಂದದೆಯೂ ಇರಬಹುದು. ಕೆಲವರಿಗೆ ಕಫ ಊದಿದ ಕೂಡಲೇ ಬಾರದೆ, ಅರ್ಧ ಗಂಟೆ ಬಿಟ್ಟು ಓಡಾಡುವಾಗ ಬರುತ್ತದೆ. ಅದೂ ಫಲವೇ. ಇದೆಲ್ಲ ಸರಿಯಿದ್ದೂ ಏನೂ ಬಾರದಿದ್ದರೆ, ನಿಮಗೆ ಇದು ಬೇಕೇ ಅಂತ ಫಿಸಿಯೋಥೆರಪಿಸ್ಟ್ ಮತ್ತೆ ನೋಡಲಿ.

ಯಾವ ಕಂಪನಿಯದು ಒಳ್ಳೆಯದು?

ಎಲ್ಲರಿಗೂ ಇದೇ ಉತ್ತಮ ಅಂತ ಬೊಟ್ಟು ಮಾಡಿ ಹೇಳುವಂಥದ್ದು ಇಲ್ಲ. ನೀವು ದಿನಾ ಬಳಸುವಂಥದ್ದು, ಬಿಚ್ಚಿ ತೊಳೆಯಲು ಬರುವಂಥದ್ದು ಒಳ್ಳೆಯದು. ಉಸಿರಿನ ಬಲ ಮಾತ್ರ ಗಮನಿಸಬೇಕು. ಅಕಪೆಲಾದ ಹಳೆಯ ಮಾದರಿಗಳಲ್ಲಿ ಹಸಿರು ಬಣ್ಣದ್ದು ನಿಮಿಷಕ್ಕೆ 15 ಲೀಟರ್ ಅಥವಾ ಜಾಸ್ತಿ ವೇಗದಲ್ಲಿ ಮೂರು ಸೆಕೆಂಡ್ ಊದಬಲ್ಲವರಿಗೆ, ನೀಲಿಯದು ಅಷ್ಟು ಆಗದವರಿಗೆ. ಉಸಿರು ತೀರಾ ಕಡಿಮೆ ಇರುವ ಅಜ್ಜಿಗೆ ಹಸಿರು ತಂದುಕೊಟ್ಟರೆ ಅದು ಅದುರುವುದೇ ಇಲ್ಲ. ಆದ್ದರಿಂದ ಆನ್‌ಲೈನ್‌ನಲ್ಲಿ ನಕ್ಷತ್ರಗಳ ಲೆಕ್ಕ ನೋಡಿ ಕೊಳ್ಳುವ ಮೊದಲು ಒಮ್ಮೆ ಕೂತು ಊದಿ ನೋಡಿ.

ಕೊಳ್ಳುವಷ್ಟು ದುಡ್ಡಿಲ್ಲ. ಬೇರೆ ದಾರಿ ಇದೆಯಾ?

ಇದೆ, ಇದನ್ನು ನಾನು ಒತ್ತಿ ಹೇಳುತ್ತೇನೆ. ಒಂದು, ಸಾಧನವೇ ಇಲ್ಲದ ಉಸಿರಾಟದ ವಿಧಾನ. ನಿಧಾನ ಉಸಿರು, ಎದೆ ತುಂಬ ಆಳವಾದ ಮೂರು ನಾಲ್ಕು ಉಸಿರು, ಆಮೇಲೆ ಹಫ್. ಈ ಚಕ್ರವನ್ನು ಎಸಿಬಿಟಿ ಅನ್ನುತ್ತಾರೆ. ಪೈಸೆ ಖರ್ಚಿಲ್ಲ.

ಇನ್ನೊಂದು ನೀರಿನ ಬಾಟಲಿ. ಇದಕ್ಕೆ ಬಬಲ್ ಪೆಪ್ ಅನ್ನುತ್ತಾರೆ, ಮಕ್ಕಳ ವಾರ್ಡುಗಳಲ್ಲಿ ಇದು ಹೊಸದಲ್ಲ. ಚೊಕ್ಕ ಬಾಟಲಿಯಲ್ಲಿ ಸುಮಾರು 10 ಸೆಂ.ಮೀ. ನೀರು, ಅದರ ತಳದವರೆಗೆ ಇಳಿದ ಒಂದು ಪೈಪು. ಪೈಪಿನಲ್ಲಿ ಊದಿದರೆ ಗುಳ್ಳೆ ಏಳುತ್ತದೆ. ನೀರಿನ ಎತ್ತರವೇ ಒತ್ತಡ, ಗುಳ್ಳೆಗಳೇ ಕಂಪನ. ಪೈಪಿನ ಒಳ ಅಗಲ 8 ಮಿ.ಮೀ.ಗಿಂತ ಕಡಿಮೆ ಇರಬಾರದು. ಜ್ಯೂಸಿನ ಸಣ್ಣ ಸ್ಟ್ರಾ ಹಾಕಿದರೆ ಒತ್ತಡ ಲೆಕ್ಕ ತಪ್ಪಿ ಏರುತ್ತದೆ. ಬಾಟಲಿಯಿಂದ ಗಾಳಿ ಹೊರಹೋಗುವ ಬಾಯಿಯೂ ಅಷ್ಟೇ ಅಗಲ ಇರಲಿ. ನೀರನ್ನು ದಿನಾ ಬದಲಿಸಿ, ಪೈಪಿನಿಂದ ಒಳಗೆ ಎಳೆದುಕೊಳ್ಳಬೇಡಿ. ಮೊದಲ ಬಾಟಲಿಯನ್ನು ಫಿಸಿಯೋಥೆರಪಿಸ್ಟ್ ಎದುರೇ ಮಾಡಿಕೊಳ್ಳಿ.

ತೊಳೆಯುವುದು ಹೇಗೆ?

ಬಳಸಿದ ಪ್ರತಿ ಸಲ ಬಿಚ್ಚಿ, ಪಾತ್ರೆ ತೊಳೆಯುವ ಸೋಪು ಹಾಕಿದ ಬೆಚ್ಚನೆ ನೀರಿನಲ್ಲಿ ತೊಳೆದು, ನೀರು ಕೊಡವಿ, ಚೊಕ್ಕ ಬಟ್ಟೆಯ ಮೇಲೆ ಪೂರ್ತಿ ಒಣಗಲು ಬಿಡಿ. ಒದ್ದೆ ಪ್ಲಾಸ್ಟಿಕ್‌ನಲ್ಲಿ ಸ್ಯೂಡೋಮೊನಾಸ್‌ನಂಥ ಬ್ಯಾಕ್ಟೀರಿಯಾ ಬೆಳೆಯುತ್ತವೆ. ಬ್ರಾಂಕಿಯೆಕ್ಟೇಸಿಸ್ ಇರುವವರಿಗೆ ಅದು ಒಮ್ಮೆ ಅಂಟಿದರೆ ಬಿಡಿಸುವುದು ಕಷ್ಟ. ಮಳೆಗಾಲದಲ್ಲಿ ಮಲೆನಾಡು, ಕರಾವಳಿಯ ಮನೆಗಳಲ್ಲಿ ಏನೂ ಬೇಗ ಒಣಗುವುದಿಲ್ಲ. ಗಾಳಿಯಾಡುವ ಕಡೆ ಇಡಿ, ಒದ್ದೆ ಇರುವಾಗಲೇ ಡಬ್ಬಿಗೆ ಹಾಕಬೇಡಿ.

ತೊಳೆದರೆ ಮಾತ್ರ ಸಾಲದು, ಆಗಾಗ ಸೋಂಕು ಕೊಲ್ಲಲೂ ಬೇಕು. ಕುದಿಸಬಹುದು ಅಂತ ಸಾಧನದ ಚೀಟಿಯಲ್ಲಿ ಇದ್ದರೆ ಐದು ನಿಮಿಷ ಕುದಿಸಿ. ಎಲ್ಲ ಮಾದರಿಗಳೂ ಕುದಿ ತಾಳುವುದಿಲ್ಲ, ಚೀಟಿ ಓದದೆ ಪಾತ್ರೆಗೆ ಹಾಕಬೇಡಿ. ವಿನೆಗರ್ ನಂಬಬೇಡಿ.

ಅಪ್ಪನಿಗೂ ಅಮ್ಮನಿಗೂ ಕಫ ಇದೆ. ಒಂದೇ ಸಾಧನ ಸಾಲದಾ?

ಬೇಡವೇ ಬೇಡ. ಬಾಯಿ ತುದಿ ಬದಲಿಸಿದರೂ ಬೇಡ.

ಇದಕ್ಕೆ ಪುರಾವೆ ಇದೆಯಾ?

ಇದೆ. ಲಂಡನ್ನಿನಲ್ಲಿ ದಿನಾ ಕಫ ಬರುವ 122 ಸಿಒಪಿಡಿ ರೋಗಿಗಳ ಮೇಲೆ ನಡೆದ ಪ್ರಯೋಗ 2023ರಲ್ಲಿ ಪ್ರಕಟವಾಯಿತು. ಮೂರು ತಿಂಗಳು ಅಕಪೆಲಾ ಬಳಸಿದವರಿಗೆ ಕೆಮ್ಮಿನಿಂದ ಆಗುವ ತೊಂದರೆ ಬರೀ ಮಾಮೂಲಿ ಚಿಕಿತ್ಸೆಯಲ್ಲಿದ್ದವರಿಗಿಂತ ಕಡಿಮೆಯಾಯಿತು. ಬ್ರಾಂಕಿಯೆಕ್ಟೇಸಿಸ್‌ಗೆ ಯುರೋಪಿಯನ್ ರೆಸ್ಪಿರೇಟರಿ ಸೊಸೈಟಿ 2017ರಲ್ಲೇ ದಿನಕ್ಕೆ ಒಂದೆರಡು ಸಲ ಕಫ ತೆಗೆಯುವ ವಿಧಾನ ಕಲಿಸಿ ಅಂತ ಹೇಳಿದೆ. ಆದರೆ ಬೇರೆ ವಿಧಾನಗಳೆಲ್ಲಕ್ಕಿಂತ ಈ ಸಾಧನವೇ ಮೇಲು ಅಂತ ಸಾಬೀತಾಗಿಲ್ಲ. ಹಾಳಾದ ನಾಳವನ್ನು ಇದು ಸರಿಮಾಡುವುದೂ ಇಲ್ಲ. ಉಸಿರು ಹಗುರಾಗುತ್ತದೆ, ಕೆಮ್ಮು ಹತೋಟಿಗೆ ಬರುತ್ತದೆ, ನಾಲ್ಕು ಜನರ ಮಧ್ಯೆ ಕೂತಾಗ ಮುಜುಗರ ಕಡಿಮೆಯಾಗುತ್ತದೆ. ನನ್ನ ಮಟ್ಟಿಗೆ ಇದು ಸಣ್ಣದಲ್ಲ.

ಎದೆ ಅಲುಗಿಸುವ ಜಾಕೆಟ್ ಇದಕ್ಕಿಂತ ಒಳ್ಳೆಯದಲ್ವಾ?

ಲಕ್ಷಗಟ್ಟಲೆ ಬೆಲೆ ಇದೆ ಅಂತ ಹಾಗನ್ನಿಸುತ್ತದೆ. ಕೆನಡಾದಲ್ಲಿ ಸಿಸ್ಟಿಕ್ ಫೈಬ್ರೋಸಿಸ್ ಇರುವವರ ಮೇಲೆ ಒಂದು ವರ್ಷ ನಡೆದ ಅಧ್ಯಯನ 2013ರಲ್ಲಿ ಪ್ರಕಟವಾಯಿತು. ಅದರಲ್ಲಿ ಸರಳ ಪೆಪ್ ಮಾಸ್ಕ್ (ಅದುರದೆ, ಉಸಿರಿಗೆ ತಡೆ ಮಾತ್ರ ಒಡ್ಡುವ ಮಾಸ್ಕ್) ಬಳಸಿದವರಿಗೆ ಜಾಕೆಟ್ ಹಾಕಿಕೊಂಡವರಿಗಿಂತ ಕಡಿಮೆ ಸಲ ಕಾಯಿಲೆ ಉಲ್ಬಣಿಸಿತು. ತಾವಾಗಿ ಊದಲು ಆಗದವರಿಗೆ ಜಾಕೆಟ್ ಬೇಕಾಗಬಹುದು. ಸಾಲ ಮಾಡಿ ತರುವ ಮುಂಚೆ ಇನ್ನೊಬ್ಬ ತಜ್ಞರನ್ನೂ ಕೇಳಿ.

ಪ್ರಾಣಾಯಾಮ, ನಡಿಗೆ ಮಾಡುತ್ತೇನೆ. ಆದರೂ ಇದು ಬೇಕಾ?

ನಡಿಗೆ ಬಿಡಬೇಡಿ, ಅದೂ ಕಫ ಅಲುಗಿಸುತ್ತದೆ, ಕಾಲಿಗೆ ಬಲ ಕೊಡುತ್ತದೆ. ನಿಧಾನದ ಪ್ರಾಣಾಯಾಮ ಮನಸ್ಸಿಗೆ ಹಿತ. ಆದರೆ ಕಫ ತೆಗೆಯುವ ಕೆಲಸಕ್ಕೆ ಅವು ಬದಲಿ ಅಲ್ಲ. ಸಿಒಪಿಡಿ ಇರುವವರು ಕಪಾಲಭಾತಿಯಂಥ ರಭಸದ ಉಸಿರಾಟವನ್ನು ಡಾಕ್ಟರನ್ನು ಕೇಳದೆ ಮಾಡಬಾರದು. ಬೇಗ ಬೇಗ ಉಸಿರಾಡಿದಾಗ ಗಾಳಿ ಒಳಗೇ ಸಿಕ್ಕಿಕೊಂಡು ಏದುಸಿರು ಜಾಸ್ತಿಯಾಗಬಹುದು.

ಯಾವಾಗ ತಡಮಾಡದೆ ಡಾಕ್ಟರ ಹತ್ತಿರ ಹೋಗಬೇಕು?

ಕಫದಲ್ಲಿ ರಕ್ತ ಕಂಡರೆ ಸಾಧನ ಪಕ್ಕಕ್ಕಿಡಿ, ಗೆರೆಯಷ್ಟೇ ಇದ್ದರೂ ಅವತ್ತೇ ಫೋನ್ ಮಾಡಿ. ಚಮಚಗಟ್ಟಲೆ ಬಂದರೆ ನೇರ ತುರ್ತು ವಿಭಾಗಕ್ಕೆ. ಇದ್ದಕ್ಕಿದ್ದ ಹಾಗೆ ಒಂದು ಪಕ್ಕದ ಎದೆನೋವಿನ ಜೊತೆ ಉಸಿರು ಕಟ್ಟಿದರೂ ಹಾಗೇ. ಕಫದ ಬಣ್ಣ ಬಿಳಿಯಿಂದ ಹಳದಿಗೋ ಹಸಿರಿಗೋ ತಿರುಗಿ, ಪ್ರಮಾಣ ಹೆಚ್ಚಿ, ಜ್ವರ ಅಥವಾ ಸುಸ್ತು ಸೇರಿದರೆ ಸೋಂಕು ಶುರುವಾಗಿರಬಹುದು. ಹಳೆಯ ಚೀಟಿ ತೋರಿಸಿ ಅಂಗಡಿಯಲ್ಲಿ ಮಾತ್ರೆ ತೆಗೆದುಕೊಳ್ಳಬೇಡಿ. ಮಾತ್ರೆ ಶುರು ಮಾಡುವ ಮುಂಚೆಯೇ ಚೊಕ್ಕ ಡಬ್ಬಿಯಲ್ಲಿ ಬೆಳಗಿನ ಕಫ ಹಿಡಿದು ಪರೀಕ್ಷೆಗೆ ಕೊಡಿ, ಯಾವ ಔಷಧಿ ನಾಟುತ್ತದೆ ಅಂತ ಅದರಿಂದಲೇ ಗೊತ್ತಾಗುವುದು.